ವಾಲ್ಟರ್ ಪೇಟನ್‌ಗೆ ಬಂದ ಕಾಯಿಲೆ ನನಗೂ ಬಂದಾಗ

ಪ್ರೈಮರಿ ಸ್ಕ್ಲೆರೋಸಿಂಗ್ ಕೊಲಾಂಜೈಟಿಸ್ ಎಂಬುದು ಬಹಳ ವಿರಳವಾದ ಕಾಯಿಲೆ. ಲಿವರಿನ ಒಳಗೂ ಹೊರಗೂ ಇರುವ ಪಿತ್ತನಾಳಗಳು ಉರಿಯೂತದಿಂದ ಗಾಯಗೊಂಡು, ಗಾಯ ಮಾಯ್ದ ಕಡೆಯಲ್ಲೆಲ್ಲ ಗಡುಸಾಗಿ ಕಿರಿದಾಗುತ್ತ ಹೋಗುತ್ತವೆ. ಹರಿಯಬೇಕಾದ ಪಿತ್ತರಸ ಲಿವರಿನಲ್ಲೇ ನಿಂತು, ವರ್ಷಗಳು ಕಳೆದಂತೆ ಲಿವರನ್ನೇ ಕೆಡಿಸುತ್ತದೆ. ಏಕೆ ಬರುತ್ತದೆ ಎಂಬುದು ವೈದ್ಯಶಾಸ್ತ್ರಕ್ಕೆ ಇನ್ನೂ ಖಚಿತವಾಗಿ ತಿಳಿದಿಲ್ಲ, ತಡೆದು ನಿಲ್ಲಿಸುವ ಔಷಧವೂ ಇಲ್ಲ. ಇಂಥ ಅಪರೂಪದ ಕಾಯಿಲೆಯ ಹೆಸರನ್ನು ಶಿಕಾಗೊ ಸೀಮೆಯಲ್ಲಿ ಐವತ್ತು ದಾಟಿದವರ ಮುಂದೆ ಹೇಳಿದರೆ, ಹೆಚ್ಚಿನವರು ಒಂದು ಕ್ಷಣ ಸುಮ್ಮನಿದ್ದು, 'ವಾಲ್ಟರ್ ಪೇಟನ್‌ಗೆ ಬಂದಿತ್ತಲ್ಲ, ಅದೇ ತಾನೆ?' ಎಂದು ಕೇಳುತ್ತಾರೆ. ಪೇಟನ್ ಎಂದರೆ ಶಿಕಾಗೊ ಬೇರ್ಸ್ ತಂಡದ ಹೆಸರಾಂತ ಅಮೆರಿಕನ್ ಫುಟ್‌ಬಾಲ್ ಆಟಗಾರ. ನನ್ನ ಕಾಯಿಲೆ ಪತ್ತೆಯಾದ ವಾರದಲ್ಲೇ ಮೂವರು ಬೇರೆ ಬೇರೆ ಜನ ಹಾಗೆ ಕೇಳಿದರು. ಅವರಲ್ಲಿ ಒಬ್ಬರು ರಕ್ತ ತೆಗೆಯಲು ಬಂದ ನರ್ಸ್.

ನಾನು ಹಾಸನದ ಕಡೆಯವನು, ರೇಡಿಯೊದಲ್ಲಿ ಕ್ರಿಕೆಟ್ ಕೇಳುತ್ತ ಬೆಳೆದವನು. ಶಿಕಾಗೊ ಪಶ್ಚಿಮದ ನೇಪರ್‌ವಿಲ್ ಊರಿನಲ್ಲಿ ಬಹುಕಾಲದಿಂದ ನೆಲೆಸಿದ್ದರೂ ಅಮೆರಿಕನ್ ಫುಟ್‌ಬಾಲ್ ನನಗೆ ಹೊರಗಿನ ಆಟವಾಗಿಯೇ ಉಳಿದಿತ್ತು. ಪೇಟನ್ ಎಂಬ ಹೆಸರನ್ನು ಅರೋರಾ ಊರಿನಲ್ಲಿ ಕೇಳಿದ್ದೆ. ಅಲ್ಲಿನ ರೈಲುನಿಲ್ದಾಣದ ಪಕ್ಕದಲ್ಲಿರುವ ಹಳೆಯ ವೃತ್ತಾಕಾರದ ಕಲ್ಲಿನ ಕಟ್ಟಡವನ್ನು ಅವರು 1990ರ ದಶಕದಲ್ಲಿ ಪಾಲುದಾರರೊಂದಿಗೆ ಸೇರಿ ಉಪಾಹಾರ ಗೃಹವನ್ನಾಗಿ ಮಾಡಿದ್ದರು. ಅರೋರಾದ ಬಾಲಾಜಿ ದೇವಸ್ಥಾನಕ್ಕೆ ಹೋಗಿ ಬರುವಾಗ ಯಾರೋ ಅದನ್ನು ತೋರಿಸಿದ್ದರು. ಅದಕ್ಕಿಂತ ಹೆಚ್ಚಿನದು ನನಗೆ ತಿಳಿದಿರಲಿಲ್ಲ. ಅವರ ಬದುಕನ್ನು ನಾನು ತಿಳಿದುಕೊಂಡದ್ದು ರೋಗಿಯಾಗಿ, ಲಿವರ್ ಕಸಿಗೆ ಕಾಯುತ್ತಿದ್ದ ದೀರ್ಘ ಕಾಲದಲ್ಲಿ. ಆದ್ದರಿಂದ ಇಲ್ಲಿ ಅವರ ಕಥೆಯೂ ನನ್ನ ಚಿಕಿತ್ಸೆಯ ಕಥೆಯೂ ಒಂದರೊಳಗೊಂದು ಸೇರಿಕೊಂಡೇ ಬರುತ್ತವೆ.

ನನಗೆ ಮೊದಲು ಕಾಣಿಸಿಕೊಂಡದ್ದು ತುರಿಕೆ. ಅಂಗೈ, ಅಂಗಾಲುಗಳಲ್ಲಿ ರಾತ್ರಿ ಹೊತ್ತು ಹೆಚ್ಚಾಗುವ, ಚರ್ಮದ ಮೇಲೆ ಯಾವ ಗುರುತೂ ಇಲ್ಲದ ತುರಿಕೆ ಅದು. ಜೊತೆಗೆ ಮಧ್ಯಾಹ್ನದ ಹೊತ್ತಿಗೇ ಮೈ ಸೋತುಹೋಗುವಂಥ ಆಯಾಸ. ಸಾಮಾನ್ಯ ರಕ್ತಪರೀಕ್ಷೆಯಲ್ಲಿ ಆಲ್ಕಲೈನ್ ಫಾಸ್ಫಟೇಸ್ ಎಂಬ ಅಂಶ ಬಹಳ ಏರಿರುವುದು ಕಂಡಿತು. ಎಂಆರ್‌ಐ ಯಂತ್ರದಲ್ಲೇ ಪಿತ್ತನಾಳಗಳನ್ನು ಪ್ರತ್ಯೇಕವಾಗಿ ಚಿತ್ರಿಸುವ ಪರೀಕ್ಷೆಯಲ್ಲಿ, ನಾಳ ಒಂದೆಡೆ ಕಿರಿದಾಗಿ ಇನ್ನೊಂದೆಡೆ ಉಬ್ಬಿ ಮಣಿಸರದಂತೆ ತೋರಿತು. ಕಾಯಿಲೆಯನ್ನು ಗುರುತಿಸುವ ಮುಖ್ಯ ಲಕ್ಷಣವೇ ಅದು. ತಜ್ಞರು ಸಾವಧಾನವಾಗಿ ಎಲ್ಲವನ್ನೂ ವಿವರಿಸಿದರು: ಇದು ಕುಡಿತದಿಂದ ಬರುವುದಲ್ಲ, ಆಹಾರದಿಂದ ಬರುವುದಲ್ಲ, ಸೋಂಕಿನಿಂದಲೂ ಅಲ್ಲ, ಗಂಡಸರಲ್ಲಿ ಹೆಚ್ಚು, ದೊಡ್ಡ ಕರುಳಿನ ಹುಣ್ಣಿನ ಕಾಯಿಲೆಯೊಂದಿಗೆ ಅನೇಕ ವೇಳೆ ಜೊತೆಯಾಗಿರುತ್ತದೆ, ಮುಂದುವರಿದರೆ ಕಸಿಯೊಂದೇ ದಾರಿ, ಪಿತ್ತನಾಳದಲ್ಲಿ ಕ್ಯಾನ್ಸರ್ ಹುಟ್ಟುವ ಅಪಾಯ ಇತರರಿಗಿಂತ ಬಹಳ ಹೆಚ್ಚಾದ್ದರಿಂದ ವರ್ಷವರ್ಷವೂ ತಪಾಸಣೆ ತಪ್ಪಿಸುವಂತಿಲ್ಲ. ಈ ಕೊನೆಯ ಮಾತು ಹೇಳುವಾಗ ಅವರೂ ಪೇಟನ್ ಹೆಸರನ್ನು ಎತ್ತಿದರು.

ಆ ಸಂಜೆ ನನ್ನ ಹೆಂಡತಿ ಕೇಳಿದ ಮೊದಲ ಪ್ರಶ್ನೆ, 'ಅವರು ಎಷ್ಟು ವರ್ಷ ಬದುಕಿದರು ರೀ?' ಎಂಬುದು. ಪೇಟನ್ 1999ರ ನವೆಂಬರ್ 1ರಂದು ತೀರಿಕೊಂಡಾಗ ಅವರಿಗೆ ಐವತ್ತು ವರ್ಷವೂ ತುಂಬಿರಲಿಲ್ಲ. ನನ್ನ ವಯಸ್ಸು ಅದಕ್ಕೆ ಬಹಳ ದೂರವಿರಲಿಲ್ಲ.

ನೆರೆಮನೆಯ ಹಿರಿಯರೊಬ್ಬರು, ಶಿಕಾಗೊ ಬೇರ್ಸ್ ತಂಡವನ್ನು ಬಾಲ್ಯದಿಂದ ಅನುಸರಿಸುತ್ತ ಬಂದವರು, ಹೆಂಡತಿಗೆ ಕೆಲಸವಿದ್ದ ದಿನಗಳಲ್ಲಿ ನನ್ನನ್ನು ತಪಾಸಣೆಗೆ ಕರೆದೊಯ್ಯಲು ತಾವಾಗಿ ಮುಂದೆ ಬಂದರು. ಕಾರಿನಲ್ಲಿ ಅವರು ಆಟದ ನಿಯಮಗಳನ್ನು ಹೇಳಿಕೊಡುತ್ತ ಹೋದರು. ಚೆಂಡು ಹಿಡಿದ ತಂಡಕ್ಕೆ ಹತ್ತು ಗಜ ಮುಂದೆ ಸಾಗಲು ನಾಲ್ಕು ಯತ್ನಗಳು ಸಿಗುತ್ತವೆ. ಅಷ್ಟರಲ್ಲಿ ಸಾಗಿದರೆ ಮತ್ತೆ ನಾಲ್ಕು. ಕ್ವಾರ್ಟರ್‌ಬ್ಯಾಕ್ ಚೆಂಡನ್ನು ದೂರಕ್ಕೆ ಎಸೆಯಬಹುದು, ಇಲ್ಲವೇ ಬೆನ್ನ ಹಿಂದಿರುವ ರನ್ನಿಂಗ್ ಬ್ಯಾಕ್ ಕೈಗೆ ಕೊಡಬಹುದು. ಹಾಗೆ ಕೈಗೆ ಬಂದ ಚೆಂಡನ್ನು ಅವುಚಿಕೊಂಡು, ತನಗಿಂತ ಭಾರದ ಹಲವರು ಒಮ್ಮೆಲೇ ಮೇಲೆ ಬೀಳಲು ಬರುವ ಇಕ್ಕಟ್ಟಿನೊಳಗೆ ನುಗ್ಗಿ ಓಡುವುದು ಅವನ ಕೆಲಸ. ಪ್ರತಿ ಓಟವೂ ಹೊಡೆತದಲ್ಲೇ ಕೊನೆಗೊಳ್ಳುವುದರಿಂದ ಈ ಸ್ಥಾನದವರ ಮೊಣಕಾಲು, ಕೀಲುಗಳು ಬೇಗ ಸವೆದು, ಬಹುಪಾಲು ಮಂದಿಯ ವೃತ್ತಿಜೀವನ ಕೆಲವೇ ವರ್ಷಗಳಲ್ಲಿ ಮುಗಿದುಹೋಗುತ್ತದೆ. ಪೇಟನ್ ಈ ಸ್ಥಾನದಲ್ಲಿ ಬೇರ್ಸ್ ತಂಡಕ್ಕೆ 1975ರಿಂದ 1987ರವರೆಗೆ ಹದಿಮೂರು ಋತು ಆಡಿದರು. ಆಡಿದ ಪಂದ್ಯಗಳು 190. ತಪ್ಪಿಸಿಕೊಂಡದ್ದು ಒಂದೇ ಒಂದು, ಅದೂ ಮೊದಲ ವರ್ಷದಲ್ಲಿ.

ಅವರು ಹುಟ್ಟಿದ್ದು ಮಿಸಿಸಿಪ್ಪಿ ರಾಜ್ಯದ ಕೊಲಂಬಿಯಾ ಎಂಬ ಸಣ್ಣ ಊರಿನಲ್ಲಿ. ಕರಿಯರಿಗೂ ಬಿಳಿಯರಿಗೂ ಶಾಲೆಗಳು ಬೇರೆ ಬೇರೆಯಾಗಿದ್ದ ಕಾಲ ಅದು. ಊರಿನ ಎರಡು ಪ್ರೌಢಶಾಲೆಗಳು ಒಂದಾದದ್ದು 1970ರಲ್ಲಿ, ಪೇಟನ್ ಶಾಲೆಯಲ್ಲಿದ್ದಾಗಲೇ. ಹುಡುಗನಾಗಿದ್ದಾಗ ಶಾಲೆಯ ವಾದ್ಯಮೇಳದಲ್ಲಿ ಡೋಲು ಬಾರಿಸುತ್ತಿದ್ದ ಅವರು ಅಣ್ಣ ಎಡ್ಡಿಯ ನಂತರ ಫುಟ್‌ಬಾಲಿಗೆ ಬಂದು, ಅಣ್ಣನಿದ್ದ ಜಾಕ್ಸನ್ ಸ್ಟೇಟ್ ವಿಶ್ವವಿದ್ಯಾಲಯವನ್ನೇ ಸೇರಿದರು. ಕರಿಯರ ಶಿಕ್ಷಣಕ್ಕಾಗಿ ಸ್ಥಾಪಿತವಾದ ಸಂಸ್ಥೆ ಅದು. ಅಲ್ಲಿನ ಕೋಚ್ ಬಾಬ್ ಹಿಲ್ ಹೇಳಿಕೊಟ್ಟ ಪಾಠವೊಂದನ್ನು ಅವರು ಕೊನೆಯವರೆಗೂ ಪಾಲಿಸಿದರು: ಎದುರಾಳಿ ಹಿಡಿಯುವುದು ಖಂಡಿತ ಎಂದು ತಿಳಿದ ಮೇಲೂ ಸುಲಭವಾಗಿ ಸಿಕ್ಕಬಾರದು. ಗೆರೆಯಾಚೆ ಕಾಲಿಟ್ಟು ಹೊಡೆತ ತಪ್ಪಿಸಿಕೊಳ್ಳುವುದು ಓಟಗಾರರಿಗೆ ಇರುವ ಅವಕಾಶ. ಪೇಟನ್ ಅದನ್ನು ಬಳಸದೆ, ತಾವೇ ತಿರುಗಿ ಎದುರಾಳಿಗೆ ಭುಜ ಕೊಡುತ್ತಿದ್ದರು.

ವೃತ್ತಿಪರ ತಂಡಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸಿಕೊಳ್ಳುವ 1975ರ ಆಯ್ಕೆಯಲ್ಲಿ ಬೇರ್ಸ್ ತಂಡ ಅವರನ್ನು ಒಟ್ಟಾರೆ ನಾಲ್ಕನೆಯವರಾಗಿ ಆರಿಸಿಕೊಂಡಿತು. ವೃತ್ತಿಪರ ಆಟಗಾರನಾಗಿ ಮೊದಲ ಪಂದ್ಯದಲ್ಲಿ ಎಂಟು ಸಲ ಚೆಂಡು ಹಿಡಿದು ಓಡಿದ ಅವರ ಒಟ್ಟು ಗಳಿಕೆ ಸೊನ್ನೆ ಗಜ. ಮೂರನೆಯ ವರ್ಷದಲ್ಲಿ, 1977ರಲ್ಲಿ, ಹದಿನಾಲ್ಕು ಪಂದ್ಯಗಳಿಂದ 1,852 ಗಜ. ಆ ವರ್ಷದ ನವೆಂಬರ್ 20ರಂದು ಮಿನೆಸೋಟ ವೈಕಿಂಗ್ಸ್ ವಿರುದ್ಧ ಸೋಲ್ಜರ್ ಫೀಲ್ಡ್ ಮೈದಾನದಲ್ಲಿ, ಫ್ಲೂ ಜ್ವರದಿಂದ ಬಳಲುತ್ತಲೇ ಆಡಲು ಇಳಿದು 40 ಓಟಗಳಲ್ಲಿ 275 ಗಜ ಗಳಿಸಿದರು. ಒಂದೇ ಪಂದ್ಯದ ಈ ದಾಖಲೆ 2000ದವರೆಗೂ ಉಳಿಯಿತು. ನನ್ನ ನೆರೆಮನೆಯವರು ಅಂದು ಮೈದಾನದಲ್ಲಿದ್ದರು. ತಂಡ ಗೆದ್ದದ್ದು ಬರೀ 10-7 ಅಂತರದಲ್ಲಿ ಎಂಬುದನ್ನು ಅವರು ಪ್ರತಿ ಸಲವೂ ಒತ್ತಿ ಹೇಳುತ್ತಿದ್ದರು. ಅಷ್ಟು ಓಡಿದರೂ ಅಷ್ಟೇ ಅಂತರ, ಏಕೆಂದರೆ ಆ ವರ್ಷಗಳಲ್ಲಿ ತಂಡದ ಆಕ್ರಮಣದ ಹೊರೆಯೆಲ್ಲ ಪೇಟನ್ ಒಬ್ಬರ ಮೇಲಿತ್ತು. ಚೆಂಡು ಅವರ ಕೈಗೇ ಬರುತ್ತದೆಂದು ಮೈದಾನದಲ್ಲಿದ್ದ ಎಲ್ಲರಿಗೂ ತಿಳಿದಿರುತ್ತಿತ್ತು.

ಕಸಿಗೆ ಅರ್ಹನೇ ಎಂಬ ಪರಿಶೀಲನೆ ಆರಂಭವಾದದ್ದು ನನಗೆ ಪಿತ್ತನಾಳದ ಸೋಂಕು ಮರುಕಳಿಸತೊಡಗಿದ ಮೇಲೆ. ಚಳಿ, ಜ್ವರ, ಕಣ್ಣು ಹಳದಿಯಾಗುವುದು, ಆಸ್ಪತ್ರೆ, ಬಾಯಿಯ ಮೂಲಕ ಕೊಳವೆ ಇಳಿಸಿ ಕಿರಿದಾದ ನಾಳವನ್ನು ಹಿಗ್ಗಿಸುವುದು, ಅಲ್ಲಿಂದ ಜೀವಕೋಶಗಳನ್ನು ಉಜ್ಜಿ ತೆಗೆದು ಕ್ಯಾನ್ಸರ್ ಪರೀಕ್ಷೆಗೆ ಕಳಿಸುವುದು. ಉಳಿದೆಲ್ಲ ನೋವಿಗಿಂತ ಈ ಕೊನೆಯ ಪರೀಕ್ಷೆಯ ಫಲಿತಾಂಶಕ್ಕೆ ಕಾಯುವುದೇ ನನಗೆ ಕಷ್ಟವಾಗುತ್ತಿತ್ತು. ಅರ್ಹತೆಯ ಪರಿಶೀಲನೆ ಮಾತ್ರ ನಾನು ನಿರೀಕ್ಷಿಸಿದ್ದಕ್ಕಿಂತ ವಿಸ್ತಾರವಾಗಿತ್ತು. ಹೃದಯ, ಶ್ವಾಸಕೋಶ, ಮೂತ್ರಪಿಂಡಗಳ ತಪಾಸಣೆಯ ಜೊತೆಗೆ ಹಲ್ಲಿನ ವೈದ್ಯರ ಒಪ್ಪಿಗೆ ಪತ್ರ ಬೇಕಿತ್ತು. ಕಸಿಯ ನಂತರ ರೋಗನಿರೋಧಕ ಶಕ್ತಿಯನ್ನು ತಗ್ಗಿಸುವ ಔಷಧ ಕೊಡುವುದರಿಂದ ಬಾಯಿಯ ಸಣ್ಣ ಸೋಂಕೂ ದೊಡ್ಡದಾಗಬಲ್ಲದು. ಭಾರತದಲ್ಲಿ ಹುಟ್ಟಿ ಬೆಳೆದವನೆಂದು ಸುಪ್ತ ಕ್ಷಯದ ಪರೀಕ್ಷೆಗೆ ವಿಶೇಷ ಗಮನ ಕೊಟ್ಟರು. ಮನೋವೈದ್ಯರು ಮಾತನಾಡಿಸಿದರು. ಸಮಾಜ ಕಾರ್ಯಕರ್ತೆಯೊಬ್ಬರು ನನ್ನ ಹೆಂಡತಿಯನ್ನು ಪ್ರತ್ಯೇಕವಾಗಿ ಕೂರಿಸಿಕೊಂಡು, ಮೊದಲ ತಿಂಗಳುಗಳಲ್ಲಿ ಹಗಲಿರುಳು ನೋಡಿಕೊಳ್ಳುವವರು ಯಾರು, ಅವರಿಗೆ ತೊಂದರೆಯಾದರೆ ಇನ್ನೊಬ್ಬರು ಯಾರು ಎಂದು ವಿವರವಾಗಿ ಕೇಳಿ ಬರೆದುಕೊಂಡರು. ವಿಮೆಯ ಲೆಕ್ಕಾಚಾರ ಬೇರೆ. ಕೊನೆಗೆ ವೈದ್ಯರ ಸಮಿತಿ ಸೇರಿ ನನ್ನ ಹೆಸರನ್ನು ಪಟ್ಟಿಗೆ ಸೇರಿಸಿತು.

ಪಟ್ಟಿ ಎಂದರೆ ಮೊದಲು ಬಂದವರಿಗೆ ಮೊದಲು ಎಂಬ ಸಾಲಲ್ಲ. ಬಿಲಿರುಬಿನ್, ಕ್ರಿಯೇಟಿನಿನ್, ರಕ್ತ ಹೆಪ್ಪುಗಟ್ಟುವ ವೇಗ, ಸೋಡಿಯಂ ಮೊದಲಾದವುಗಳಿಂದ 6ರಿಂದ 40ರವರೆಗಿನ ಅಂಕವೊಂದನ್ನು ಲೆಕ್ಕ ಹಾಕುತ್ತಾರೆ. ಕಸಿಯಿಲ್ಲದಿದ್ದರೆ ಬೇಗ ಸಾಯುವ ಸಂಭವ ಯಾರಿಗೆ ಹೆಚ್ಚೋ ಅವರ ಅಂಕ ಹೆಚ್ಚು, ಅವರಿಗೆ ಆದ್ಯತೆ. ನ್ಯಾಯವಾದ ವ್ಯವಸ್ಥೆಯೆಂದು ನಾನು ಒಪ್ಪುತ್ತೇನೆ. ಆದರೆ ನನ್ನ ಕಾಯಿಲೆಯವರಲ್ಲಿ ಅನೇಕರು ತುರಿಕೆಯಿಂದ ನಿದ್ದೆಗೆಟ್ಟು, ಸೋಂಕಿನಿಂದ ಆಸ್ಪತ್ರೆಗೆ ಅಲೆದು ಹಣ್ಣಾಗಿದ್ದರೂ ಅಂಕ ಮಾತ್ರ ಕೆಳಗೇ ಇರುತ್ತದೆ. ಈ ಲೆಕ್ಕಕ್ಕೆ ಆಯಾಸವೂ ಸೇರುವುದಿಲ್ಲ, ಕ್ಯಾನ್ಸರಿನ ಭಯವೂ ಸೇರುವುದಿಲ್ಲ. ದೇಶದಲ್ಲಿ ಈ ಅಂಕಪದ್ಧತಿ ಬಂದದ್ದು 2002ರಲ್ಲಿ, ಅಂದರೆ ಪೇಟನ್ ತೀರಿಕೊಂಡ ನಂತರ. ಅವರ ಕಾಲದ ಪಟ್ಟಿಯಲ್ಲಿ ಕಾದಿರುವ ಅವಧಿಗೆ ಈಗಿನದಕ್ಕಿಂತ ಹೆಚ್ಚಿನ ತೂಕವಿತ್ತು.

ಕಾಯುವ ದಿನಗಳಲ್ಲಿ ನೆರೆಮನೆಯವರೊಂದಿಗೆ ಕುಳಿತು ಹಳೆಯ ಪಂದ್ಯಗಳ ಚಿತ್ರಣಗಳನ್ನು ನೋಡಿದೆ. ಮುಖ್ಯಾಂಶಗಳನ್ನು ಮಾತ್ರ ಜೋಡಿಸಿದ ತುಣುಕುಗಳಲ್ಲಿ ಪೇಟನ್ ಪ್ರತಿ ಸಲವೂ ಐವರನ್ನು ಕೊಡವಿಕೊಂಡು ಗುರಿ ತಲುಪುವಂತೆ ಕಾಣುತ್ತದೆ. ಪೂರ್ತಿ ಪಂದ್ಯ ನೋಡಿದಾಗ ತಿಳಿಯುವುದೇ ಬೇರೆ. ಎರಡು ಗಜ, ಮೂರು ಗಜ, ಇದ್ದಲ್ಲೇ ಪತನ, ಮತ್ತೆ ನಾಲ್ಕು ಗಜ. ಮೊಣಕಾಲನ್ನು ಅಷ್ಟಾಗಿ ಮಡಿಸದೆ, ತುದಿಗಾಲಿನ ಮೇಲೆ ಸಣ್ಣ ಹೆಜ್ಜೆಯಿಟ್ಟು ಬರುವ ಆ ಓಟ ನೋಡನೋಡುತ್ತ ಗುರುತಾಗಿಬಿಡುತ್ತದೆ. ಬಿದ್ದ ಕೂಡಲೇ ಎದ್ದು, ಕೆಡವಿದವನನ್ನೂ ಕೈಹಿಡಿದು ಎಬ್ಬಿಸುತ್ತಿದ್ದರು. ಅವರು ಒಟ್ಟು 3,838 ಸಲ ಓಡಿ 16,726 ಗಜ ಗಳಿಸಿದರು. ಸರಾಸರಿ ತೆಗೆದರೆ ಓಟಕ್ಕೆ ನಾಲ್ಕೂವರೆ ಗಜವೂ ಇಲ್ಲ. 1984ರ ಅಕ್ಟೋಬರ್ 7ರಂದು ಅವರು ಮುರಿದ ಜಿಮ್ ಬ್ರೌನ್ ಅವರ 12,312 ಗಜಗಳ ದಾಖಲೆಯೂ, ಅವರ ದಾಖಲೆಯನ್ನು 2002ರಲ್ಲಿ ಎಮಿಟ್ ಸ್ಮಿತ್ ಮುರಿದದ್ದೂ ಇಂಥ ಸಣ್ಣ ಓಟಗಳ ಮೊತ್ತವೇ. ಸರಾಸರಿಯ ಈ ಸಂಖ್ಯೆ ನನ್ನ ಮನಸ್ಸಿನಲ್ಲಿ ನಿಂತುಬಿಟ್ಟಿತು.

ನೆರೆಮನೆಯವರಿಗೆ ಅತ್ಯಂತ ಪ್ರಿಯವಾದ ವರ್ಷ 1985. ಮೈಕ್ ಡಿಟ್ಕಾ ಅವರ ತರಬೇತಿಯಲ್ಲಿ ಬೇರ್ಸ್ ಹದಿನಾರರಲ್ಲಿ ಹದಿನೈದು ಪಂದ್ಯ ಗೆದ್ದು, 1986ರ ಜನವರಿ 26ರಂದು ನ್ಯೂ ಆರ್ಲಿಯನ್ಸ್‌ನಲ್ಲಿ ನ್ಯೂ ಇಂಗ್ಲೆಂಡ್ ಪೇಟ್ರಿಯಟ್ಸ್ ತಂಡವನ್ನು 46-10ರಿಂದ ಸೋಲಿಸಿ, ಋತುವಿನ ಅಂತಿಮ ಪಂದ್ಯವಾದ ಸೂಪರ್ ಬೌಲ್ ಗೆದ್ದಿತು. ಅಂದು ಗುರಿಯಂಚಿನಲ್ಲಿ ಚೆಂಡನ್ನು ಕೊಟ್ಟದ್ದು ವಿಲಿಯಂ ಪೆರಿ ಎಂಬ ಭಾರೀ ಗಾತ್ರದ ಯುವಕನಿಗೆ. ಹತ್ತು ವರ್ಷ ತಂಡವನ್ನು ಹೊತ್ತ ಪೇಟನ್‌ಗೆ, ಚೆಂಡನ್ನು ಗುರಿಗೆರೆ ದಾಟಿಸಿ ಗಳಿಸುವ ಟಚ್‌ಡೌನ್ ಒಂದು ಕೂಡ ದಕ್ಕಲಿಲ್ಲ. ಅದಕ್ಕಾಗಿ ಡಿಟ್ಕಾ ಮುಂದೆ ಬಹಿರಂಗವಾಗಿ ವಿಷಾದಿಸಿದರು. ನನಗೆ ಆ ವಿಜಯಕ್ಕಿಂತ 1988ರ ಜನವರಿ 10ರ ಚಿತ್ರಣ ಹೆಚ್ಚು ಮನಸ್ಸಿಗೆ ತಟ್ಟಿತು. ವಾಷಿಂಗ್ಟನ್ ವಿರುದ್ಧ ಸೋತು ವೃತ್ತಿಜೀವನ ಮುಗಿದಾಗ, ಎಲ್ಲರೂ ಒಳಗೆ ಹೋದ ಮೇಲೂ ಪೇಟನ್ ಹೆಲ್ಮೆಟ್ ತೆಗೆಯದೆ, ತಲೆ ತಗ್ಗಿಸಿ ಬೆಂಚಿನ ಮೇಲೆ ಕುಳಿತೇ ಇದ್ದರು.

ಬೇಸಿಗೆಗಳಲ್ಲಿ ಅವರು ಓಡಿ ಅಭ್ಯಾಸ ಮಾಡುತ್ತಿದ್ದ ಕಡಿದಾದ ದಿಣ್ಣೆಯೊಂದು ಶಿಕಾಗೊ ವಾಯವ್ಯದ ಆರ್ಲಿಂಗ್ಟನ್ ಹೈಟ್ಸ್ ಊರಿನಲ್ಲಿದೆ; ಈಗ ಅದು ಗಾಲ್ಫ್ ಮೈದಾನದ ಭಾಗ, ಅವರ ನೆನಪಿನ ಫಲಕ ಅಲ್ಲಿದೆ. ಜೊತೆಗೆ ಓಡಲು ಬಂದ ಇತರ ಆಟಗಾರರು ಅರ್ಧಕ್ಕೇ ವಾಂತಿ ಮಾಡಿಕೊಂಡು ಕೂರುತ್ತಿದ್ದರಂತೆ. ಇಷ್ಟು ಕಟ್ಟುಮಸ್ತಾದ ದೇಹವನ್ನೂ ಈ ಕಾಯಿಲೆ ಬಿಡಲಿಲ್ಲ ಎಂಬುದು ನನ್ನ ಮಟ್ಟಿಗೆ ಮುಖ್ಯವಾದ ಸಂಗತಿ. 'ವ್ಯಾಯಾಮ ಮಾಡುತ್ತಿದ್ದೆಯಾ, ಹೊರಗೆ ತಿನ್ನುವುದು ಹೆಚ್ಚಾಗಿತ್ತಾ' ಎಂದು ಊರಿನಿಂದ ಬರುತ್ತಿದ್ದ ಪ್ರೀತಿಯ ಪ್ರಶ್ನೆಗಳಿಗೆಲ್ಲ ನಾನು ಪೇಟನ್ ಕಥೆಯನ್ನೇ ಉತ್ತರವಾಗಿ ಹೇಳತೊಡಗಿದೆ.

1999ರ ಫೆಬ್ರವರಿ 2ರಂದು ಪೇಟನ್ ಪತ್ರಕರ್ತರ ಮುಂದೆ ಬಂದರು. ಮೈ ಇಳಿದುಹೋಗಿ, ಕಣ್ಣಿಗೆ ಕಪ್ಪು ಕನ್ನಡಕ ಹಾಕಿಕೊಂಡಿದ್ದರು. ಅದಕ್ಕೆ ಕೆಲವೇ ದಿನ ಮೊದಲು ಮಗ ಜ್ಯಾರೆಟ್‌ನ ಕಾಲೇಜು ಆಯ್ಕೆಯ ಸಮಾರಂಭದಲ್ಲಿ ಅವರ ಸೊರಗಿದ ಮುಖವನ್ನು ಕಂಡು ಜನ ನಾನಾ ರೀತಿಯಲ್ಲಿ ಮಾತನಾಡಿಕೊಳ್ಳತೊಡಗಿದ್ದರು. ಕಾಯಿಲೆಯ ಹೆಸರನ್ನೂ ತಮಗೆ ಕಸಿ ಬೇಕಿರುವುದನ್ನೂ ಅವರು ಎಲ್ಲರೆದುರು ಹೇಳಿದರು. ಹೆದರಿಕೆಯಾಗುತ್ತಿದೆಯೇ ಎಂದು ಕೇಳಿದಾಗ, ಖಂಡಿತವಾಗಿಯೂ ಆಗುತ್ತಿದೆ, ನಿಮಗಾದರೆ ಆಗುವುದಿಲ್ಲವೇ ಎಂದರು. ಮಗನನ್ನು ಅಪ್ಪಿಕೊಂಡು ಅತ್ತರು. ಹದಿಮೂರು ವರ್ಷ ನೋವನ್ನು ಯಾರಿಗೂ ತೋರಗೊಡದೆ ಆಡಿದವರು ಹಾಗೆ ಎಲ್ಲರ ಮುಂದೆ ಅತ್ತದ್ದನ್ನು ನಾನು ಅವರ ಯಾವ ದಾಖಲೆಗಿಂತಲೂ ದೊಡ್ಡದೆಂದು ಎಣಿಸುತ್ತೇನೆ. ಇದನ್ನು ಅತಿಶಯಕ್ಕೆ ಹೇಳುತ್ತಿಲ್ಲ. ಆ ಚಿತ್ರಣ ನೋಡುವವರೆಗೆ ನಾನು ನನ್ನ ಕಾಯಿಲೆಯನ್ನು ಕಚೇರಿಯಲ್ಲಿ ಯಾರಿಗೂ ಹೇಳಿರಲಿಲ್ಲ, ಹಾಸನದಲ್ಲಿದ್ದ ಅಮ್ಮನಿಗೂ ಪೂರ್ತಿ ಹೇಳಿರಲಿಲ್ಲ.

ಮುಂದೆ ಅವರ ಪಿತ್ತನಾಳದಲ್ಲಿ ಕ್ಯಾನ್ಸರ್ ಕಂಡುಬಂದು ಕಸಿಯ ಅವಕಾಶ ತಪ್ಪಿತು. ಹಾಗಿದ್ದೂ ತಮ್ಮ ಹೆಸರನ್ನು ಅಂಗಾಂಗ ದಾನದ ಪ್ರಚಾರಕ್ಕೆ ಕೊಟ್ಟರು. ತಮಗೆ ಲಿವರ್ ಸಿಗದೆಂದು ತಿಳಿದ ಮೇಲೂ ಇತರರಿಗೆ ಸಿಗಲೆಂದು ಕೇಳಿದರು. ಇಲಿನಾಯ್‌ನಲ್ಲಿ ದಾನಕ್ಕಾಗಿ ವಿಚಾರಿಸುವ ಕರೆಗಳು ಆಗ ಒಮ್ಮೆಲೇ ಏರಿದವು. ಆ ವರ್ಷ ಅರ್ಜಿ ತುಂಬಿದವರಲ್ಲಿ ನನ್ನ ನೆರೆಮನೆಯವರೂ ಒಬ್ಬರು. ಕನ್ನಡಿಗರಿಗೆ ಇದು ಅಪರಿಚಿತವಲ್ಲ. 2006ರಲ್ಲಿ ರಾಜ್‌ಕುಮಾರ್ ಅವರ ಕಣ್ಣುಗಳನ್ನು ದಾನ ಮಾಡಿದಾಗಲೂ, 2021ರ ಅಕ್ಟೋಬರಿನಲ್ಲಿ ಪುನೀತ್ ಅವರ ಕಣ್ಣುಗಳನ್ನು ದಾನ ಮಾಡಿದಾಗಲೂ ನಮ್ಮ ಜಿಲ್ಲೆಗಳಲ್ಲಿ ಜನ ಸಾಲಾಗಿ ಹೆಸರು ಬರೆಸಿದ್ದನ್ನು ನಾವೆಲ್ಲ ಬಲ್ಲೆವು. ಪ್ರೀತಿಸಿದವರು ಕೇಳಿದಾಗ ಜನ ಕೊಡುತ್ತಾರೆ.

ಕಸಿ ಘಟಕದಿಂದ ನನಗೆ ಬಂದ ಮೊದಲ ಕರೆ ಫಲಿಸಲಿಲ್ಲ. ರಾತ್ರಿ ಆಸ್ಪತ್ರೆ ಸೇರಿ, ರಕ್ತ ಕೊಟ್ಟು, ಉಪವಾಸವಿದ್ದು ಕಾದ ಮೇಲೆ, ದಾನಿಯ ಲಿವರನ್ನು ಪರೀಕ್ಷಿಸಿದ ಶಸ್ತ್ರವೈದ್ಯರು ಅದು ಬಳಕೆಗೆ ಯೋಗ್ಯವಲ್ಲವೆಂದು ತೀರ್ಮಾನಿಸಿದರು. ಹೀಗಾಗುವುದು ಸಾಮಾನ್ಯವೆಂದು ಮೊದಲೇ ತಿಳಿಸಿದ್ದರು. ಎರಡನೆಯ ಕರೆ ಚಳಿಗಾಲದಲ್ಲಿ ಬಂದಿತು. ಶಸ್ತ್ರಚಿಕಿತ್ಸೆ ಇಡೀ ಹಗಲು ಹಿಡಿಯಿತು. ಈ ಕಾಯಿಲೆಯಲ್ಲಿ ರೋಗಿಯ ಪಿತ್ತನಾಳವೇ ಕೆಟ್ಟಿರುವುದರಿಂದ, ಸಾಮಾನ್ಯವಾಗಿ ಹೊಸ ಲಿವರಿನ ನಾಳವನ್ನು ನೇರವಾಗಿ ಸಣ್ಣ ಕರುಳಿನ ಕುಣಿಕೆಯೊಂದಕ್ಕೆ ಹೊಲಿಯುತ್ತಾರೆ. ನನಗೂ ಹಾಗೆಯೇ ಮಾಡಿದರು. ಪ್ರಜ್ಞೆ ಬಂದಾಗ ನೋವಿತ್ತು, ಬಾಯಾರಿಕೆಯಿತ್ತು, ತುರಿಕೆ ಇರಲಿಲ್ಲ. ವರ್ಷಗಟ್ಟಲೆ ಇದ್ದದ್ದು ಇಲ್ಲವಾಗಿದೆ ಎಂದು ಅರಿವಾಗಲು ನನಗೆ ಸ್ವಲ್ಪ ಹೊತ್ತು ಬೇಕಾಯಿತು.

ಮೊದಲ ದಿನ ಹಾಸಿಗೆಯಿಂದ ಕುರ್ಚಿಗೆ, ಆಮೇಲೆ ಬಾಗಿಲಿಗೆ, ಆಮೇಲೆ ನರ್ಸುಗಳ ಮೇಜಿನವರೆಗೆ ನಡೆಸಿದರು. ಭೇಟಿಗೆ ಬಂದ ನೆರೆಮನೆಯವರು ನೆಲದ ಟೈಲ್ಸ್ ಎಣಿಸಿ, 'ನಾಲ್ಕು ಗಜ ಆಯಿತು, ಸಾಕು, ಕುಳಿತುಕೊಳ್ಳಿ' ಎಂದರು. ನನ್ನ ಕಣ್ಣು ತುಂಬಿ ಬಂತು. ಮನೆಗೆ ಬಂದ ಮೇಲಿನ ಬದುಕು ಗಡಿಯಾರಕ್ಕೆ ಕಟ್ಟಿದ್ದು. ರೋಗನಿರೋಧಕ ಶಕ್ತಿಯನ್ನು ತಗ್ಗಿಸುವ ಟ್ಯಾಕ್ರೊಲಿಮಸ್ ಮಾತ್ರೆ ಹನ್ನೆರಡು ಗಂಟೆಗೊಮ್ಮೆ, ತಪ್ಪದೆ. ರಕ್ತದಲ್ಲಿ ಅದರ ಮಟ್ಟ ಏರಿದರೆ ಮೂತ್ರಪಿಂಡಕ್ಕೆ ಪೆಟ್ಟು, ಇಳಿದರೆ ದೇಹ ಹೊಸ ಲಿವರನ್ನು ತಿರಸ್ಕರಿಸುವ ಅಪಾಯ. ಈ ಔಷಧದ ಮಟ್ಟವನ್ನು ಏರುಪೇರು ಮಾಡುತ್ತದೆಂದು ದ್ರಾಕ್ಷಿಹಣ್ಣಿನ ಹೆಸರು ಹೊತ್ತ ಇಲ್ಲಿನ ಗ್ರೇಪ್‌ಫ್ರೂಟ್ ಹಣ್ಣನ್ನೂ ಅದರ ಬಂಧುವಾದ ಚಕ್ಕೋತವನ್ನೂ ಬಿಡಬೇಕಾಯಿತು. ದೇವನಹಳ್ಳಿಯ ಚಕ್ಕೋತ ನನಗೆ ಬಹಳ ಇಷ್ಟವಾಗಿತ್ತು. ಹೊಸ ಲಿವರಿನಲ್ಲೂ ಈ ಕಾಯಿಲೆ ಕೆಲವರಿಗೆ ಮರಳಿ ಬರುವುದುಂಟು, ಹಾಗಾಗಿ ತಪಾಸಣೆಗೆ ಕೊನೆಯಿಲ್ಲ. ದಾನಿ ಯಾರೆಂದು ನನಗೆ ತಿಳಿದಿಲ್ಲ. ಹೆಸರು, ಊರು ಬರೆಯದೆ, ಸಂಸ್ಥೆಯ ಮೂಲಕ ಅವರ ಮನೆಯವರಿಗೆ ಕಾಗದ ಕಳಿಸಿದ್ದೇನೆ. ಉತ್ತರ ಬರೆಯುವುದೂ ಬಿಡುವುದೂ ಅವರ ಇಷ್ಟ, ಅದು ಹಾಗೆಯೇ ಇರಬೇಕು.

ಇಲಿನಾಯ್‌ನಲ್ಲಿ 2006ರಿಂದ, ವಯಸ್ಕರು ನೋಂದಣಿಯಲ್ಲಿ ಕೊಟ್ಟ ಒಪ್ಪಿಗೆಯೇ ಕಾನೂನಿನ ಪ್ರಕಾರ ಸಾಕು. ಹೆಚ್ಚಿನವರು ಡ್ರೈವಿಂಗ್ ಲೈಸೆನ್ಸ್ ಮಾಡಿಸುವಾಗಲೇ ಹೆಸರು ಬರೆಸುತ್ತಾರೆ. ಭಾರತದಲ್ಲಿ ಮಿದುಳು ನಿಷ್ಕ್ರಿಯಗೊಂಡವರ ಅಂಗಾಂಗ ತೆಗೆಯುವ ಮುನ್ನ, ಅವರು ಪ್ರತಿಜ್ಞೆ ಮಾಡಿದ್ದರೂ ಮನೆಯವರ ಒಪ್ಪಿಗೆಯನ್ನು ಕೇಳಿಯೇ ಕೇಳುತ್ತಾರೆ. ಆದ್ದರಿಂದ ಕರ್ನಾಟಕದಲ್ಲಿ ಅಂಗಾಂಗ ದಾನವನ್ನು ನೋಡಿಕೊಳ್ಳುವ ಜೀವಸಾರ್ಥಕತೆ ಸಂಸ್ಥೆಯಲ್ಲಿ ನೋಂದಾಯಿಸಿಕೊಂಡವರು ಆ ವಿಷಯವನ್ನು ಮನೆಯಲ್ಲಿ ಎಲ್ಲರಿಗೂ ಬಾಯಿಬಿಟ್ಟು ಹೇಳಿರಬೇಕು. ಹೇಳದಿದ್ದರೆ ಆ ನೋಂದಣಿಯಿಂದ ಪ್ರಯೋಜನ ಕಡಿಮೆ. ನನ್ನ ತಂಗಿ ನೋಂದಾಯಿಸಿಕೊಂಡ ದಿನ ವೀಡಿಯೊ ಕರೆಯಲ್ಲಿ ಎಲ್ಲರೂ ಸೇರಿದ್ದಾಗಲೇ ಅದನ್ನು ತಿಳಿಸಿದಳು. ಅಂದು ನಾನು ಅಮ್ಮನಿಗೆ ಪೇಟನ್ ಕಥೆಯನ್ನು ಮೊದಲಿನಿಂದ ಹೇಳಿದೆ: ಮಿಸಿಸಿಪ್ಪಿ, ಡೋಲು, ಜ್ವರದಲ್ಲಿ ಆಡಿದ ಪಂದ್ಯ, ಮಗನ ಹೆಗಲ ಮೇಲೆ ಅತ್ತದ್ದು, ತನಗೆ ಸಿಗದಿದ್ದರೂ ಇತರರಿಗಾಗಿ ಕೇಳಿದ್ದು. ಅಮ್ಮ ಕೊನೆಯವರೆಗೂ ಕೇಳಿ, 'ಅವನ ಹೆಂಡ್ತಿ ಮಕ್ಕಳು ಈಗ ಹೆಂಗಿದಾರಪ್ಪ?' ಎಂದು ವಿಚಾರಿಸಿದರು. ಆಮೇಲೆ ತಂಗಿಯ ಕಡೆ ತಿರುಗಿ, 'ನನ್ನ ಕಣ್ಣಿಗೆ ಪೊರೆ ಆಪರೇಷನ್ ಆಗೈತಲ್ಲ, ಅದನ್ನೂ ತಗೋತಾರಾ ಕೇಳು' ಎಂದರು. ಪೊರೆಯ ಶಸ್ತ್ರಚಿಕಿತ್ಸೆಯಾದವರೂ ಕಣ್ಣು ದಾನ ಮಾಡಬಹುದೆಂದು ತಂಗಿ ಹೇಳಿದಳು, ಮರುವಾರ ಅಮ್ಮನ ಹೆಸರನ್ನೂ ಬರೆಸಿದಳು.